ಕಂದು ಟೀಪಾಟು

ಹೆಸ್ಟರ್ ಗ್ಯಾರಡ್ ಎಂಬ ಚಿತ್ರಕಾರ್ತಿಯನ್ನು ಮಣ್ಣು ಮಾಡಿ ಬಂದ ಮಧ್ಯಾಹ್ನ, ಸಫೋಕ್ ಕಡಲಂಚಿನ ಆ ಮನೆಯಲ್ಲಿ ಇತ್ಯರ್ಥವಾಗಬೇಕಾಗಿದ್ದ ಮಹತ್ತರ ವಿಷಯವೆಂದರೆ, ಟೀ ಯಾವುದರಲ್ಲಿ ಮಾಡುವುದು ಎಂಬುದು. ಚರ್ಚಿನಿಂದ ತಂದ ಟೀ ಕೊಳಗ ಸೋರಿ ಅಡುಗೆಮನೆಯ ನೆಲವೆಲ್ಲ ಒದ್ದೆಯಾಗಿತ್ತು. ಊರಿನವರು ಕೈಯಲ್ಲಿ ಹ್ಯಾಮ್ ಸ್ಯಾಂಡ್‌ವಿಚ್ ಹಿಡಿದು, ಗಂಟಲು ಒಣಗಿಸಿಕೊಂಡು ಕೂತಿದ್ದರು. ಮನೆಗಿದ್ದ ಒಂದೇ ದೊಡ್ಡ ಟೀಪಾಟು ಹೆಸ್ಟರಳ ಚಿತ್ರದ ಕೋಣೆಯಲ್ಲಿ, ಮೇಜಿನ ಮೇಲಿತ್ತು. ಆ ಬಾಗಿಲಿಗೆ, ಹೆಸ್ಟರಳ ಜೊತೆ ಆ ಮನೆಯಲ್ಲಿ ಬಾಳಿದ ನೋರಾ ಅಡ್ಡ ನಿಂತಿದ್ದಳು.

"ಜರುಗು ನೋರಾ," ಎಂದಳು ಸತ್ತವಳ ತಂಗಿ ಬೆರಿಲ್. "ಪಾದ್ರಿಗಳು ಆಗಿಂದ ಖಾಲಿ ಕಪ್ಪನ್ನೇ ನೋಡ್ತಾ ಕೂತಿದಾರೆ."

"ಅದನ್ನ ಮುಟ್ಟೋ ಹಾಗಿಲ್ಲ. ಚಿತ್ರ ಮುಗಿದಿಲ್ಲ."

"ಬರೆಯೋಳೇ ಹೋದ್ಲಲ್ಲೇ!"

"ಆಸ್ಪತ್ರೆಗೆ ಹೊರಟಾಗ ಹೇಳಿ ಹೋಗಿದಾಳೆ. ನಾನು ಬರೋವರೆಗೂ ಯಾರೂ ಅಲುಗಿಸಬಾರದು ಅಂತ."

ಬೆರಿಲ್ ಒದ್ದೆ ನೆಲ ಒರೆಸಲು ಅಡುಗೆಮನೆಗೆ ಹೋದಳು.

*

ಯುದ್ಧದ ಕಾಲದಲ್ಲಿ, ವಿಮಾನದ ಕಾರ್ಖಾನೆಯ ಹುಡುಗಿಯರ ಚಿತ್ರ ಬರೆಯಲು ಸರ್ಕಾರ ಹೆಸ್ಟರಳನ್ನು ಕಳಿಸಿತ್ತು. ಆ ಹುಡುಗಿಯರಲ್ಲಿ ನೋರಾ ಒಬ್ಬಳು. "ಮೂಗು ಆಡಿಸಬೇಡ" ಎಂಬುದು ಹೆಸ್ಟರ್ ಅವಳಿಗೆ ಆಡಿದ ಮೊದಲ ಮಾತು. ಯುದ್ಧ ಮುಗಿದ ಮೇಲೆ ಇಬ್ಬರೂ ಈ ಮನೆ ಹಿಡಿದರು. ಅಷ್ಟರಲ್ಲಿ ಲಂಡನ್ನಿನವರಿಗೆ ಚೌಕ, ತ್ರಿಕೋನಗಳ ಹೊಸ ಚಿತ್ರಗಳ ಹುಚ್ಚು ಹತ್ತಿತ್ತು. ಹೆಸ್ಟರಳ ಹೂಜಿ, ಮೀನುಗಳನ್ನು ಕೇಳುವವರಿರಲಿಲ್ಲ. ಅವಳು ಹೆಣ್ಣುಮಕ್ಕಳ ಶಾಲೆಯಲ್ಲಿ ಪಾಠ ಹೇಳುತ್ತ, ಅಡುಗೆಮನೆಯಲ್ಲಿ ಸಿಕ್ಕಿದ್ದನ್ನೆಲ್ಲ ಬರೆದಳು.

ಹೆಸ್ಟರ್ ಒಂದು ವಸ್ತುವನ್ನು ಮೇಜಿನ ಮೇಲಿಟ್ಟು ಸುತ್ತ ಸೀಮೆಸುಣ್ಣದಲ್ಲಿ ಗೆರೆ ಎಳೆದರೆ ಮುಗಿಯಿತು, ಆ ವಸ್ತುವಿನ ಮೇಲೆ ಅಡುಗೆಮನೆಗೆ ಹಕ್ಕಿಲ್ಲ. ಚಮಚಗಳು ಚಿತ್ರಕ್ಕೆ ಹೋದ ಚಳಿಗಾಲ ಇಬ್ಬರೂ ಸೂಪನ್ನು ಕಪ್ಪಿನಲ್ಲಿ ಕುಡಿದರು. ನೆರೆಯ ಬೆಸ್ತ ಸಿರಿಲ್ ಕೊಟ್ಟ ಬಂಗುಡೆ ಮೀನು ಮೇಜಿನ ಮೇಲೇ ಕೊಳೆತ ನಾತಕ್ಕೆ ಬೆಕ್ಕೂ ಮನೆ ಬಿಟ್ಟಿತು.

"ಧೂಳು ಒರೆಸಬೇಡ ಕಣೇ! ಆ ಧೂಳನ್ನ ಬರೆಯೋಕೇ ಒಂದು ವಾರ ಹಿಡೀತು," ಎಂದು ಹೆಸ್ಟರ್ ಗದರುತ್ತಿದ್ದಳು.

ಚಿತ್ರ ಮುಗಿದ ದಿನ ಮಾತ್ರ ಹೆಸ್ಟರ್ ಆ ವಸ್ತುವನ್ನು ಎರಡೂ ಕೈಯಲ್ಲಿ ಹಿಡಿದು, ಮೆರವಣಿಗೆ ಬಂದಂತೆ ಅಡುಗೆಮನೆಗೆ ಬರುತ್ತಿದ್ದಳು. "ತಗೋ. ನನ್ನ ಕೆಲಸ ಆಯ್ತು. ಇನ್ನಿದು ಪಾತ್ರೆ."

ಯಾರೂ ಚಿತ್ರ ಕೊಳ್ಳದ ಆ ವರ್ಷಗಳಲ್ಲಿ ಮನೆಗೆ ಅದೇ ಹಬ್ಬ.

*

ಸಿರಿಲ್ ಬಿಗಿಯಾದ ಕಾಲರಿನಲ್ಲಿ ಕತ್ತು ನೀಡಿ, ಬಾಗಿಲಲ್ಲೇ ನಿಂತಿದ್ದ ನೋರಾಳ ಭುಜದ ಮೇಲಿಂದ ಒಳಗಿದ್ದ ಚಿತ್ರವನ್ನು ನೋಡಿದ.

"ಮಿಸ್ ನೋರಾ, ಟೀಪಾಟಿಗೆ ಮೂತೀನೇ ಇಲ್ವಲ್ರೀ! ಇದರಿಂದ ಟೀ ಬಗ್ಗಿಸೋದು ಹ್ಯಾಗೆ?"

"ಮೂತಿಗೆ ಬೆಳಗಿನ ಬೆಳಕೇ ಬೇಕಂತೆ. ನಾಳೆ ಬರೀತೀನಿ ಅಂದಿದ್ಲು."

"ನನ್ನ ಮೀನಿಗೂ ನಾಳೆ, ನಾಳೆ ಅಂತಾನೇ ದಿನ ತಳ್ಳಿದ್ರು. ಕೊನೆಗೆ ನೀವೇ ಅಲ್ವೇ ಮೂಗು ಹಿಡ್ಕೊಂಡು ಎತ್ತಿ, ತೋಟದಲ್ಲಿ ಹೂತಿದ್ದು?"

"ಎಷ್ಟು ಬೈದ್ಲು ಆವತ್ತು!"

"ಬೈದ್ರು. ಆಮೇಲೆ ಬಾಲ ಇಲ್ದೇನೇ ಆ ಚಿತ್ರಕ್ಕೆ ಕಟ್ಟು ಹಾಕಿಸಿ ನಂಗೆ ಕೊಟ್ರು. ಇವತ್ತಿಗೂ ನಮ್ಮನೆ ಗೋಡೆ ಮೇಲಿದೆ. ನನ್ನ ಹೆಂಡ್ತೀನ ಕೇಳಿ, ಬಾಲ ಬೇಕು ಅಂತ ಒಂದು ದಿನಾನೂ ಅಂದಿಲ್ಲ."

ನೋರಾ ನಕ್ಕುಬಿಟ್ಟಳು. ನಗು ಎಲ್ಲಿ ನಿಲ್ಲಬೇಕೋ ಅಲ್ಲಿ ನಿಲ್ಲದೆ ಸ್ವಲ್ಪ ಮುಂದೆ ಹೋಗಿ ಒಡೆಯಿತು. ಸಿರಿಲ್ ತನ್ನ ಬೂಟುಗಳನ್ನು ನೋಡಿಕೊಂಡ.

ಅವಳು ಒಳಗೆ ಹೋದಳು. ಟೀಪಾಟು ಎತ್ತಿದಾಗ ಮೇಜಿಗೆ ಅಂಟಿದ್ದು ಬಿಟ್ಟಂತೆ ಸಣ್ಣ ಸದ್ದಾಯಿತು. ಅದನ್ನು ಎರಡೂ ಕೈಯಲ್ಲಿ ಹಿಡಿದು, ಕೂತವರ ನಡುವೆ ನಿಧಾನವಾಗಿ ಹಾದು ಅಡುಗೆಮನೆಗೆ ಬಂದಳು. ಕಾರಣ ತಿಳಿಯದೆಯೇ ಪಾದ್ರಿಗಳು ಎದ್ದು ನಿಂತರು.

"ತಗೋ," ಎಂದಳು ಬೆರಿಲ್‌ಗೆ. "ಅವಳ ಕೆಲಸ ಆಯ್ತು. ಇನ್ನಿದು ಪಾತ್ರೆ."

ಬೆರಿಲ್ ಏಪ್ರನ್ನಿನಿಂದ ಧೂಳು ಒರೆಸಿದಳು. ನೋರಾ ಬೇಡವೆನ್ನಲಿಲ್ಲ.

ಚಿತ್ರದ ಕೋಣೆಯ ಮೇಜಿನ ಮೇಲೆ, ಸೀಮೆಸುಣ್ಣದ ಗೆರೆಯೊಳಗೆ, ಧೂಳಿಲ್ಲದ ಒಂದು ದುಂಡನೆ ಜಾಗ ಉಳಿಯಿತು.

ಟೀ ಎಲ್ಲರಿಗೂ ಸಾಕಾಯಿತು.