ದನಿಬುಡ್ಡಿ

ನನ್ನ ಗಂಡ ಜಾಹಿದ್ ಬಂಗಾರದಂಥ ಮನುಷ್ಯ ಎಂದು ಜನ್ನಾಪುರದ ನಮ್ಮ ಬೀದಿಯಲ್ಲಿ ಯಾರನ್ನು ಕೇಳಿದರೂ ಹೇಳುತ್ತಾರೆ. ಕಿವುಡಿಯನ್ನು ಕಟ್ಟಿಕೊಂಡ, ಅವಳ ಬಾಯಿಯನ್ನೂ ಸಹಿಸಿಕೊಂಡ, ಒಂದು ದಿನ ತಿರುಗಿ ಬೈದವನಲ್ಲ ಎಂದು. ಆ ಕಿವುಡಿ ನಾನು, ಸಮ್ರೀನ್. ಬಾಯಿ ಜೋರು ಎನ್ನುವುದೂ ಸುಳ್ಳಲ್ಲ. ಚಿಕ್ಕವಳಿದ್ದಾಗ ಜ್ವರ ಬಂದು ಕಿವಿ ಹೋಯಿತು, ನಾಲಗೆ ಉಳಿಯಿತು. ನನ್ನ ದನಿ ಎಷ್ಟು ಎತ್ತರಕ್ಕೆ ಹೋಗುತ್ತದೆಂದು ನನಗೇ ತಿಳಿಯುವುದಿಲ್ಲ.

ಜನರ ಮಾತನ್ನು ನಾನು ತುಟಿ ನೋಡಿ ಓದುತ್ತೇನೆ. ಶಾಲೆಯಲ್ಲಿ ಅದನ್ನು ಕಲಿತದ್ದು ಕನ್ನಡದಲ್ಲಿ, ಹಾಗಾಗಿ ದಖ್ಖನಿ ಆಡುವ ನಮ್ಮ ಮನೆಯವರೆಲ್ಲ ನನ್ನೆದುರು ಕನ್ನಡಕ್ಕೆ ಹೊರಳುತ್ತಾರೆ. ಹೆಣ್ಣು ನೋಡಲು ಬಂದ ದಿನ ಜಾಹಿದ್ ಕೂಡ ಹೊರಳಿದ. ಬಂದವರೆಲ್ಲ ನನಗೆ ಕೈಸನ್ನೆ ಮಾಡುತ್ತಿದ್ದರೆ ಇವನೊಬ್ಬ ಎದುರು ಕೂತು, "ನಾನು ನಿನ್ನ ಜೊತೆ ಎಲ್ಲರ ಥರಾನೇ ಮಾತಾಡ್ತೀನಿ," ಎಂದ. ಆ ಒಂದು ಮಾತಿಗೆ ನಾನು ಬಿದ್ದೆ. ಬೇರೆ ಏನನ್ನೂ ವಿಚಾರಿಸಲಿಲ್ಲ.

ದನಿಬುಡ್ಡಿ ಮಾಡಿಕೊಟ್ಟವರು ಸಯೀದ್ ಮಾಮು, ಅಮ್ಮಿಯ ತಮ್ಮ. ಶಿವಮೊಗ್ಗದ ಗಾಂಧಿ ಬಜಾರಿನ ಹಿಂದೆ ರೇಡಿಯೊ ರಿಪೇರಿ ಅಂಗಡಿ ಇಟ್ಟವರು. ಈಗ ರೇಡಿಯೊ ತರುವವರು ಯಾರಿದ್ದಾರೆ? ಕೂತು ಕೂತು ಇದನ್ನು ಮಾಡಿದರು. ಸೀಮೆಎಣ್ಣೆ ಬುಡ್ಡಿಯಷ್ಟೇ ಗಾತ್ರ, ಮೇಲೆ ಗಾಜು, ಒಳಗೆ ಬತ್ತಿಯ ಜಾಗದಲ್ಲಿ ಕೂದಲಿನಷ್ಟು ತೆಳು ತಂತಿ. ಕರೆಂಟ್ ಬೇಡ, ಎಣ್ಣೆ ಬೇಡ. ಶಬ್ದ ಬಿದ್ದರೆ ಹತ್ತುತ್ತದೆ, ನಿಂತರೆ ಆರುತ್ತದೆ. ಒಬ್ಬೊಬ್ಬರ ದನಿಗೆ ಒಂದೊಂದು ಬಣ್ಣ. ಹೇಗೆ ಎಂದು ಕೇಳಿದರೆ, "ಅದು ನಂಗೂ ಗೊತ್ತಿಲ್ಲ ಬೇಟಿ, ಹತ್ತುತ್ತಲ್ಲ, ಸಾಕು ಬಿಡು," ಎಂದರು.

ಮನೆಗೆ ತಂದ ದಿನ ನಾನು ಕೆಲಸವನ್ನೆಲ್ಲ ಬಿಟ್ಟು ಅದರ ಮುಂದೆಯೇ ಕೂತೆ. ಕುಕ್ಕರ್ ಕೂಗಿದಾಗ ಬಿಳಿ. ಪಕ್ಕದ ಮನೆಯ ಪದ್ಮಮ್ಮ ಹಾಲಿನವನ ಜೊತೆ ಜಗಳಕ್ಕೆ ನಿಂತಾಗ ಅರಿಶಿನದ ಬಣ್ಣ. ಓಲ್ಡ್ ಟೌನಿನ ಗ್ಯಾರೇಜಿನಿಂದ ಜಾಹಿದ್ ಊಟಕ್ಕೆ ಬರುವ ಹೊತ್ತಾಯಿತು. ಗೇಟಿನ ಹತ್ತಿರ ಪದ್ಮಮ್ಮನ ಜೊತೆ ನಿಂತು ಏನೋ ಹೇಳಿ ನಕ್ಕ. ಬುಡ್ಡಿಯಲ್ಲಿ ನೀಲಿ ಎದ್ದಿತು. ಎಂಥ ನೀಲಿ ಎನ್ನುತ್ತೀರಿ! ಗೋಡೆ, ಪಾತ್ರೆ, ನನ್ನ ಕೈ, ಎಲ್ಲ ನೀಲಿ. ಇದು ನನ್ನ ಗಂಡನ ದನಿ ಎಂದು ನನಗೆ ಕಣ್ಣು ತುಂಬಿ ಬಂತು.

ಅವನು ಒಳಗೆ ಬಂದ. "ಊಟ ರೆಡಿನಾ?" ಎಂದ. ಬುಡ್ಡಿ ಹತ್ತಲಿಲ್ಲ.

ಕೆಟ್ಟಿತೇನೋ ಎಂದು ಚಪ್ಪಾಳೆ ತಟ್ಟಿದೆ. ಹತ್ತಿತು. "ಇನ್ನೊಂದ್ಸಲ ಮಾತಾಡು," ಎಂದೆ. ಅವನ ತುಟಿ ಆಡಿತು, ಬುಡ್ಡಿ ಕತ್ತಲೆ. ದನಿ ಯಾಕಿಲ್ಲ ಎಂದು ನಾನು ಕೇಳಿದ್ದಕ್ಕೆ ಸಲೀಸಾಗಿ ನಕ್ಕ. "ನಿಂಗೆ ಹೆಂಗೂ ಕೇಳಲ್ವಲ್ಲ ಮಾರಾಯ್ತಿ. ತುಟಿ ಆಡಿಸಿದ್ರೆ ಸಾಕಲ್ವಾ? ಗಂಟಲು ಯಾಕೆ ನೋಯಿಸ್ಕೋಬೇಕು?" ಅದನ್ನು ಹೇಳಿದ್ದೂ ದನಿಯಿಲ್ಲದೆಯೇ.

ನಾನು ತಟ್ಟೆ ಸರಿಸಿ ಎದ್ದೆ. ಆದರೆ ನಿಜವಾದ ಪೆಟ್ಟು ಬಿದ್ದದ್ದು ಅವನು ಗ್ಯಾರೇಜಿಗೆ ಹೋದ ಮೇಲೆ. ಏನೋ ಹೊಳೆದು ಪದ್ಮಮ್ಮನ ಮನೆಗೆ ಹೋದೆ. ನಾವು ಜಗಳ ಆಡುವಾಗ ಗೋಡೆಯಾಚೆ ನಿಮಗೆ ಏನು ಕೇಳಿಸುತ್ತದೆ ಎಂದು ವಿಚಾರಿಸಿದೆ.

"ನಿಂದೊಂದೇ ದನಿ ಕಣೇ. ಆ ಪುಣ್ಯಾತ್ಮ ಉಸಿರೇ ಎತ್ತಲ್ಲ," ಎಂದರು.

ಹಿಂದಿನ ಸಲದ ಜಗಳದಲ್ಲಿ ಆ ಪುಣ್ಯಾತ್ಮ ನನ್ನ ಮುಖಕ್ಕೆ ಮುಖ ಕೊಟ್ಟು, "ನಿಮ್ಮಮ್ಮ ಹಾಳು ಕಿವುಡಿನ ನನ್ನ ತಲೆಗೆ ಕಟ್ಟಿದ್ಳು," ಎಂದಿದ್ದ. ಇನ್ನೂ ಏನೇನೋ, ಬರೆಯಲು ನಾಚಿಕೆಯಾಗುವಂಥದ್ದು. ಅದಕ್ಕೆ ನಾನು ಕಿರುಚಿದ್ದೆ. ಬೀದಿಗೆ ಕೇಳಿಸಿದ್ದು ಕಿರುಚಾಟ ಮಾತ್ರ. ಅಮ್ಮಿಯವರೆಗೂ ದೂರು ಹೋಗಿ, ಅವಳು ಶಿವಮೊಗ್ಗದಿಂದ ಬಸ್ ಹತ್ತಿ ಬಂದು, ಮಗಳ ಬಾಯಿಯನ್ನು ಮಾಫ್ ಮಾಡಪ್ಪ ಎಂದು ಅವನ ಮುಂದೆ ಸೆರಗೊಡ್ಡಿದ್ದಳು. ಅವನು ಪಾಪದವನ ಹಾಗೆ ತಲೆ ತಗ್ಗಿಸಿ ನಿಂತಿದ್ದ. ಗಂಟಲು ನೋಯುತ್ತದೆಂದು ದನಿ ಉಳಿಸಿದವನಲ್ಲ ಅವನು, ಯೋಚನೆ ಮಾಡಿಯೇ ಉಳಿಸಿದವನು. ನನಗೆ ಬೇರೇನೂ ಬೇಡವಾಗಿತ್ತು. ಅಮ್ಮಿ ನನ್ನನ್ನು ನಂಬಬೇಕಿತ್ತು, ಅಷ್ಟೆ.

ಶುಕ್ರವಾರ ಅಮ್ಮಿಯನ್ನು ಕರೆಸಿದೆ. ಪದ್ಮಮ್ಮನನ್ನೂ ಚಹಾಕ್ಕೆ ಕರೆದೆ. ನಮಾಜ್ ಮುಗಿಸಿ ಜಾಹಿದ್ ಬಂದು ಕೂತ ಮೇಲೆ ಒಳಗಿಟ್ಟಿದ್ದ ಬುಡ್ಡಿಯನ್ನು ತಂದು ಎಲ್ಲರ ನಡುವೆ ಇಟ್ಟು, ಇದು ದನಿಗೆ ಹತ್ತುತ್ತದೆಂದು ತಿಳಿಸಿ, "ಜಗಳದಲ್ಲಿ ನಂಗೆ ಏನೇನಂದೆ, ಇವರ ಮುಂದೆ ಹೇಳು," ಎಂದೆ.

ಅವನು ಅಮ್ಮಿಯ ಕಡೆ ತಿರುಗಿದ. ನೀಲಿ ಬೆಳಕು ಕೋಣೆ ತುಂಬಿತು. "ನಾನ್ಯಾವತ್ತು ಏನಂದಿದೀನಿ ಅತ್ತೆ? ಬೇಕಿದ್ರೆ ಇವ್ರನ್ನೇ ಕೇಳಿ." ಪದ್ಮಮ್ಮ ಹೌದೆಂದು ತಲೆ ಆಡಿಸಿದರು. ಆಮೇಲೆ ಅವನು ನನ್ನ ಕಡೆ ತಿರುಗಿ, ಮುಖದ ನಗುವನ್ನು ಹಾಗೇ ಇಟ್ಟುಕೊಂಡು ತುಟಿ ಆಡಿಸಿದ. "ಇವರೆಲ್ಲ ಹೋಗ್ಲಿ ಕಿವುಡಿ, ನಿನ್ನ ಹಲ್ಲು ಉದುರಿಸ್ತೀನಿ." ಬುಡ್ಡಿ ಆರಿಯೇ ಇತ್ತು.

ನನ್ನ ಪಕ್ಕದಲ್ಲಿ ಕೂತಿದ್ದ ಅಮ್ಮಿ ಬುಡ್ಡಿಯನ್ನು ನೋಡಿದಳು, ಅವನ ತುಟಿಯನ್ನು ನೋಡಿದಳು. ನನ್ನ ಕಿವಿ ಹೋದ ವರ್ಷ ನನ್ನ ಜೊತೆ ಶಾಲೆಯಲ್ಲಿ ಕೂತು ತಾನೂ ತುಟಿ ಓದಲು ಕಲಿತವಳು ಅವಳು. ಜಾಹಿದ್‌ಗೆ ಅದು ಗೊತ್ತಿರಲಿಲ್ಲ.

"ನನ್ನ ಮಗಳ ಹಲ್ಲು ಉದುರಿಸ್ತೀಯಾ?" ಎಂದಳು ಅಮ್ಮಿ. ಅವಳ ದನಿ ಕೆಂಪು ಎಂದು ನನಗೆ ಆಗ ತಿಳಿಯಿತು.

ಅವನ ಮುಖ ಬಿಳಿಚಿತು. ಪದ್ಮಮ್ಮ ಚಹಾ ಲೋಟ ಕೆಳಗಿಟ್ಟರು. ಆಗ, ಮದುವೆಯಾದ ಮೇಲೆ ಮೊದಲ ಸಲ, ಅವನು ನನ್ನ ಮುಖ ನೋಡಿ ದನಿ ತೆಗೆದು ಮಾತಾಡಿದ. "ಸಮ್ರೀನ್, ತಪ್ಪಾಯ್ತು. ಸಿಟ್ಟಲ್ಲಿ ಬಂದ್ಬಿಡ್ತು." ಅದೇ ನೀಲಿ, ಅಷ್ಟೇ ಚೆಂದ. ಬೀದಿಯವರಿಗೂ ಗ್ಯಾರೇಜಿನ ಗಿರಾಕಿಗಳಿಗೂ ಪುಕ್ಕಟೆ ಹಂಚಿದ ದನಿಯನ್ನು ನನಗೆ ಮಾತ್ರ ತಾನು ಸಿಕ್ಕಿಬಿದ್ದ ಮೇಲೆ ಕೊಟ್ಟ. ನನಗೆ ಅಳು ಬಂತು, ಅವನ ಮೇಲೆ ಹೇಸಿಗೆಯೂ ಬಂತು.

ನಾನೂ ಉತ್ತರ ಕೊಟ್ಟೆ. ಗಂಟಲ ಮೇಲೆ ಕೈ ಇಟ್ಟು, ದನಿ ಹೊರಡದ ಹಾಗೆ ನೋಡಿಕೊಂಡು, ತುಟಿಯಲ್ಲಿ ಮಾತ್ರ ಹೇಳಿದೆ. "ನಾನು ಅಮ್ಮಿ ಜೊತೆ ಹೋಗ್ತೀನಿ. ಇನ್ನು ಬರಲ್ಲ."

ಅಮ್ಮಿ ಎದ್ದು ನನ್ನ ಬಟ್ಟೆ ತರಲು ಒಳಗೆ ಹೋದಳು.

"ಏನಂದೆ?" ಎಂದ ಅವನು. "ಏನು? ಜೋರಾಗಿ ಹೇಳು ಸಮ್ರೀನ್, ಕೇಳಿಸ್ಲಿಲ್ಲ." ಗೋಡೆಯೆಲ್ಲ ನೀಲಿಯಾಗುತ್ತಿತ್ತು. ನಾನು ಎರಡನೇ ಸಲ ಹೇಳಲಿಲ್ಲ.