ಮಡಿವಾಳೆಪ್ಪನ ಗೋಡೆ, ಫಕೀರವ್ವನ ದಾರಿ

ಯರಗುಪ್ಪಿಯಲ್ಲಿ ಮಡಿವಾಳೆಪ್ಪ ಮನೆ ಕಟ್ಟಿಸಿದ ಕಥೆಯನ್ನು ನನಗಿಂತ ಚೆನ್ನಾಗಿ ಹೇಳುವವರು ಏಳು ತಾಲೂಕಿನಲ್ಲಿ ಇನ್ನೂ ಹುಟ್ಟಿಲ್ಲ. ನಮ್ಮ ರಾಜ್ಯಕ್ಕೆ ಕರ್ನಾಟಕವೆಂದು ಹೆಸರಾದ ಮರುವರ್ಷದ ಬೇಸಿಗೆ ಅದು. ರೆಕ್ಕೆ ಸುಟ್ಟೀತೆಂದು ಕಾಗೆಗಳು ನೆರಳು ಹಿಡಿದು ಕಾಲ್ನಡಿಗೆಯಲ್ಲೇ ಹುಬ್ಬಳ್ಳಿಗೆ ಹೋಗುತ್ತಿದ್ದವು.

ಮಡಿವಾಳೆಪ್ಪನ ಹಳೆಯ ಮನೆ ಕುಸಿದಿತ್ತು. ಹೆಂಡತಿ ಶಾರದವ್ವ ಮಕ್ಕಳನ್ನು ಕಟ್ಟಿಕೊಂಡು ತಾಡಪತ್ರಿಯ ಕೆಳಗಿದ್ದಳು. ಹೊಸ ಮಣ್ಣಿನ ಗೋಡೆ ಏಳಿಸುವಾಗ ದನ ಕಟ್ಟಲು ಜಾಗ ಸಾಲದೆಂದು ಅವನು ಬಾಜುವಿನ ಓಣಿಯೊಳಗೆ ಎರಡು ಮೊಳ ಸರಿದ. ಆ ಓಣಿಯ ಕೊನೆಗೆ ಫಕೀರವ್ವನ ಮನೆ. ಗಂಡನಿಲ್ಲದ ಹೆಂಗಸು, ನಾಲ್ಕೆಕರೆ ಕಪ್ಪು ಮಣ್ಣಿನ ಎರಿ ಹೊಲ, ಒಂದು ಜೋಡಿ ಎತ್ತು. ಅವಳ ಮನೆಗೆ ಬೇರೆ ದಾರಿಯೇ ಇಲ್ಲ.

ಪಂಚಾಯತಿಯ ಪರವಾನಗಿ ತಂದಿದ್ದೀರಾ ಎಂದು ಗೋಡೆ ಕಟ್ಟುವ ಗೌಂಡಿ ಇಮಾಮುದ್ದೀನ ಮೊದಲ ದಿನವೇ ಕೇಳಿದ್ದ.

"ನಮ್ಮಪ್ಪ ಯಾರನ್ನ ಕೇಳಿ ಕಟ್ಟಿದ್ದ, ಸಾಬ್ರ?"

"ನಿಮ್ಮಪ್ಪ ಓಣಿಗೆ ಬಂದಿದ್ದಿಲ್ಲರಿ. ನೀವು ಬರಾಕತ್ತೀರಿ."

ಮಡಿವಾಳೆಪ್ಪ ಸಿಟ್ಟಿನಿಂದ ತನ್ನ ಚಕ್ಕಡಿ ಹೂಡಿ, ಉಳಿದ ದಾರಿಯಲ್ಲಿ ಹಾಯಿಸಿ ತೋರಿಸಿದ. ಗಾಲಿಯ ಎರಡೂ ಬದಿಗೆ ಒಂದೊಂದು ಗೇಣು ಉಳಿಯಿತು. ದಾರಿ ಸಾಕಷ್ಟಿದೆ ಎಂದು ತಾನೇ ತೀರ್ಪು ಕೊಟ್ಟ. ಖಾಲಿ ಚಕ್ಕಡಿಯಿಂದ ಓಣಿ ಅಳೆದ ಜಾಣ ಭೂಮಂಡಲದಲ್ಲಿ ಅವನೊಬ್ಬನೇ.

ಗೋಡೆ ಆಳೆತ್ತರ ಎದ್ದಾಗ ಫಕೀರವ್ವ ಕಣದಿಂದ ಜೋಳದ ಕಣಕಿ ಹೇರಿಕೊಂಡು ಬಂದಳು. ನಮ್ಮೂರಲ್ಲಿ ಮೇವು ಹೇರಿದ ಚಕ್ಕಡಿ ಅಂದರೆ ನಡೆದಾಡುವ ಗುಡ್ಡ. ಅದರ ನೆರಳಿನಲ್ಲಿ ಇಡೀ ಮಿಶ್ರಿಕೋಟಿ ಊರು ಊಟಕ್ಕೆ ಕೂಡಬಹುದು. ಹೇರು ಗೋಡೆಗೆ ಸಿಕ್ಕಿತು. ಮುಂದೆ ಹೋಗದು, ಹಿಂದೆ ಬರದು. ಒಂದು ಎತ್ತು ಮೊಣಕಾಲೂರಿ ಬಿತ್ತು. ನೊಗದ ಹಗ್ಗ ಕೊರಳನ್ನು ಹಿಸುಕಿ ಕಣ್ಣು ಮೇಲಾದವು. ಇಮಾಮುದ್ದೀನ ಓಡಿಬಂದು ಹಗ್ಗ ಕೊಯ್ಯದಿದ್ದರೆ ಎತ್ತು ಅಲ್ಲೇ ಸಾಯುತ್ತಿತ್ತು. ಇದರಲ್ಲಿ ನಾನು ಒಂದು ಕಾಳಷ್ಟೂ ಸೇರಿಸಿಲ್ಲ.

ಫಕೀರವ್ವ ಮೇವನ್ನು ಹೊರೆಹೊರೆಯಾಗಿ ತಲೆಯ ಮೇಲೆ ಹೊತ್ತು ಮನೆ ಸೇರಿಸಿದಳು. ಮರುದಿನ ಹುಬ್ಬಳ್ಳಿಗೆ ಹೋಗಿ ವಕೀಲರನ್ನು ಕಂಡಳು. ಹದಿನೈದು ದಿನಕ್ಕೆ ಕೋರ್ಟಿನ ತಡೆಯಾಜ್ಞೆ ಬಂತು: ಮುಂದಿನ ಹುಕುಂ ಬರುವವರೆಗೆ ಮಾಳಿಗೆ, ಅಂದರೆ ಗೋಡೆಯ ಮೇಲಿನ ಚಾವಣಿ, ಹಾಕಬಾರದು.

ಬರೀ ಮಣ್ಣಿನ ಗೋಡೆ, ಮೇಲೆ ಮಾಳಿಗೆ ಇಲ್ಲ. ರೋಹಿಣಿ ಮಳೆ ಹತ್ತಿರ. ಪಡುವಣಕ್ಕೆ ದಿನವೂ ಮೋಡ ಕಪ್ಪಾಗತೊಡಗಿತು. ಮಡಿವಾಳೆಪ್ಪ ತೊಲೆ ತರಿಸಿ, ಕೋರ್ಟಿನವರು ಬಂದು ನೋಡುವುದರೊಳಗೆ ಮಾಳಿಗೆ ಮುಗಿಸೋಣ ಎಂದ. ಇಮಾಮುದ್ದೀನ ಸಾಮಾನು ಕೆಳಗಿಟ್ಟ.

"ಹುಕುಂ ಮುರದ್ರ ಗೋಡಿ ಅಷ್ಟ ಹೋಗೂದಿಲ್ಲರಿ, ನೀವೂ ಒಳಗ ಹೋಗ್ತೀರಿ. ನಾ ಕೈ ಹಚ್ಚೂದಿಲ್ಲ."

"ಹಂಗಾದ್ರ ಮಳಿಗೆ ಕರಗಲೇನು ನನ್ನ ಮನಿ?"

ಆಗ ಶಾರದವ್ವ ತಾಡಪತ್ರಿಯ ಕೆಳಗಿನಿಂದ ಎದ್ದು ಬಂದಳು.

"ನಾಳೆ ಫಕೀರವ್ವ ಸತ್ರ, ಹೆಗಲು ಕೊಡೋ ನಾಕು ಮಂದಿ ಈ ಸಂದಿಯಾಗ ಹೆಂಗ ಬರ್ತಾರ? ಆ ನಾಕು ಮಂದ್ಯಾಗ ನೀವೂ ಒಬ್ರು."

ಹತ್ತು ಊರನ್ನು ಮಾತಿನಲ್ಲಿ ಮಣಿಸುವ ಮಡಿವಾಳೆಪ್ಪ ಅಂದೇ ಸಂಜೆ ಫಕೀರವ್ವನ ಬಾಗಿಲಿಗೆ ಹೋಗಿ ಗೋಡೆ ಹಿಂದಕ್ಕೆ ಸರಿಸುತ್ತೇನೆ ಎಂದ.

"ಬಾಯಿಲೆ ಬ್ಯಾಡ, ಮಡಿವಾಳೆಪ್ಪ. ಕಾಗದದ ಮ್ಯಾಲ ಬರಿ."

ಇಬ್ಬರೂ ಪಂಚಾಯತಿಗೆ ಹೋದರು. ಕಾರ್ಯದರ್ಶಿ ಬಂದು ಇಬ್ಬರ ಎದುರಿಗೇ ಓಣಿ ಅಳೆದರು, ನಕಾಶೆಯಲ್ಲಿ ದಾರಿ ಬರೆದರು. ಮಡಿವಾಳೆಪ್ಪ ತಾನೇ ಹಾರೆ ಹಿಡಿದು ಓಣಿಯೊಳಗಿನ ಗೋಡೆ ಕೆಡವಿದ. ರಾಜಿಪತ್ರ ಕೋರ್ಟಿಗೆ ಹೋಯಿತು. ಅಲ್ಲಿಂದ ಹುಕುಂ ಬರುವುದರೊಳಗೆ ಮಳೆ ಬಂತು. ಆಕಾಶವನ್ನೇ ಯಾರೋ ಬೋರಲು ಹಾಕಿದಂತೆ ಎಂಟು ದಿನ ಸುರಿದು, ಪಡುವಣ ಗೋಡೆಯನ್ನು ಕೆಸರು ಮಾಡಿತು. ಆ ಎಂಟು ದಿನ ಶಾರದವ್ವ, ಮಕ್ಕಳು ಇದ್ದದ್ದು ಫಕೀರವ್ವನ ಪಡಸಾಲೆಯಲ್ಲಿ. ಕೋರ್ಟಿನ ತಡೆ ತೆರವಾದ ಮೇಲೆ ಗೋಡೆಯನ್ನು ಮಡಿವಾಳೆಪ್ಪ ಎರಡನೆಯ ಸಲ ಕಟ್ಟಿಸಿದ, ಪಂಚಾಯತಿ ಕೊಟ್ಟ ಪರವಾನಗಿಯನ್ನು ಕಿಸೆಯಲ್ಲಿಟ್ಟುಕೊಂಡು.

ಓದುತ್ತಿರುವ ಅಣ್ಣಂದಿರೇ, ಕೇಳುತ್ತಿರುವ ಅಕ್ಕಂದಿರೇ, ಬುನಾದಿ ಅಗೆಯುವ ಮೊದಲು ಪಂಚಾಯತಿಗೆ ಅರ್ಜಿ ಕೊಡಿ. ನೆರೆಯವರನ್ನು ಎದುರಿಗೆ ನಿಲ್ಲಿಸಿಕೊಂಡು ಅಳತೆ ಮಾಡಿಸಿ, ದಾರಿಯನ್ನು ನಕಾಶೆಯಲ್ಲಿ ಬರೆಸಿ. ತಕರಾರು ಬಂದರೆ ಮೊದಲು ಕೂತು ಮಾತಾಡಿ. ಕೋರ್ಟಿನ ಆಜ್ಞೆ ಬಂದರೆ ಮೀರಬೇಡಿ. ಈ ವರ್ಷ ಮನೆ ಕಟ್ಟುವವರು ನಾಳೆಯೇ ಅರ್ಜಿ ಬರೆಯಿರಿ. ನಿಮ್ಮ ಕಾಗದ ಬರುವವರೆಗೆ ಮಳೆ ಕಾಯುವುದಿಲ್ಲ.