ಗ್ಲಿಸರಿನ್ ಬೇಡದ ಕಣ್ಣೀರು

ನಾನು ಕ್ಯಾಮೆರಾ ಮುಂದೆ ಒಮ್ಮೆ ಅತ್ತರೆ ಊರಿನ ಕೆರೆ ಕೋಡಿ ಬೀಳುತ್ತದೆ. ನಲವತ್ತು ವರ್ಷ ಸಿನಿಮಾ, ಧಾರಾವಾಹಿಗಳಲ್ಲಿ ಅತ್ತಿದ್ದೇನೆ; ಗ್ಲಿಸರಿನ್ ಬಾಟಲಿ ನನ್ನನ್ನು ಕಂಡರೆ ನಾಚಿ ತಾನೇ ಮುಚ್ಚಳ ಹಾಕಿಕೊಳ್ಳುತ್ತದೆ.

ನಿನ್ನೆ ಮಾತ್ರ, ಮಗನ ಸಾವಿನ ಸುದ್ದಿ ಕೇಳುವ ದೃಶ್ಯದಲ್ಲಿ ಒಂದು ಹನಿಯೂ ಬರಲಿಲ್ಲ. ಟೇಕಿನ ಮೇಲೆ ಟೇಕ್ ಆಯಿತು. ನಿರ್ದೇಶಕ ಗೊಣಗಿದ: "ಸರ್, ಈ ಸಲನೂ ಆಗ್ಲಿಲ್ಲ ಅಂದ್ರೆ ಸೀನ್ ನಿಮ್ಮ ತಮ್ಮನ ಪಾತ್ರಕ್ಕೆ ಕೊಟ್ಬಿಡ್ತೀನಿ."

ಕ್ಲೋಸಪ್ ತೆಗೆಯುವಾಗ ನಟನ ನೋಟ ಒಂದೆಡೆ ನಿಲ್ಲಲೆಂದು ಕ್ಯಾಮೆರಾ ಪಕ್ಕ ಯಾರನ್ನಾದರೂ ನಿಲ್ಲಿಸುವುದು ರೂಢಿ. ನಾನು ಯಾವಾಗಲೂ ನಿಲ್ಲಿಸುವುದು ನನ್ನ ಹೆಂಡತಿಯನ್ನೇ. ನಿನ್ನೆ ಅವಳಿಗೆ ಮಂಡಿನೋವು, ಸೆಟ್ಟಿಗೆ ಬಂದಿರಲಿಲ್ಲ. ಆದರೂ ಅಷ್ಟರಲ್ಲಿ ಕುಂಟುತ್ತಾ ಬಂದು ತನ್ನ ಜಾಗದಲ್ಲಿ ನಿಂತಳು. ನನ್ನ ಕಣ್ಣು ಧಾರಾಕಾರ ಹರಿಯಿತು. ಶಾಟ್ ಓಕೆ!

ಸೊಸೆಯ ಪಾತ್ರದ ಹುಡುಗಿ ಗುಟ್ಟು ಹಿಡಿದುಬಿಟ್ಟಳು. "ಆಂಟಿ, ಅಂಕಲ್ ಅಳೋದು ನಿಮ್ಮ ಮುಖ ನೋಡಿ!"

"ಏನ್ರೀ, ನನ್ನ ಮುಖ ಅಷ್ಟೊಂದು ಕೆಟ್ಟದಾಗಿದ್ಯಾ?"

ಸೆಟ್ಟಿಗೆ ಸೆಟ್ಟೇ ನಕ್ಕಿತು. ನಾನು ಸಿಕ್ಕಿಬಿದ್ದೆ.

"ಇಲ್ಲ ಕಣೇ. ಯಾರೂ ನನಗೆ ಪಾತ್ರ ಕೊಡದ ಕಾಲದಲ್ಲಿ, ಅಡುಗೆಮನೆ ಬಾಗಿಲಲ್ಲಿ ನಿಂತು ನನ್ನ ನಟನೆ ನೋಡ್ತಿದ್ದವಳು ನೀನೊಬ್ಬಳೇ. ನೀನು ಹಾಗೆ ನಿಂತ್ರೆ ಅದು ನೆನಪಾಗುತ್ತೆ, ಕಣ್ಣು ತಾನಾಗೇ ತುಂಬುತ್ತೆ. ನನ್ನ ಅಭಿನಯ ಅಂದ್ರೆ ಅಷ್ಟೇ."